ಕಿಟಕಿ ಪಕ್ಕ ಕೂತ ಆ ದಪ್ಪ ಡಾಕ್ಟರ್ ನಿಜವಾಗಿ ನಿರ್ಮಾಪಕರಾ?

ನಾಪೋಕ್ಲು ಮಳೆಹುಡುಗಿ ಕೇಳಿದ್ದು:

ಎಲ್ಲರಿಗೂ ನಮಸ್ಕಾರ. ಕೊಡಗಿನಲ್ಲಿ ಈಗ ಕಕ್ಕಡ ತಿಂಗಳು, ಜೋರು ಮಳೆಗಾಲ. ನಮ್ಮ ಕಡೆ 11 ದಿನದಿಂದ ಬಿಸಿಲು ಕಂಡಿಲ್ಲ. ಭಾಗಮಂಡಲದ ರಸ್ತೆಯ ಮೇಲೆ ನೀರು ಬಂದಿದೆ. ರಜೆ ಹಾಕಿ ಬೆಂಗಳೂರಿನಿಂದ ಬಂದವಳು ಇಲ್ಲೇ ಉಳಿದುಬಿಟ್ಟಿದ್ದೇನೆ. ಕರೆಂಟ್ ಇದ್ದಾಗ ಲ್ಯಾಪ್‌ಟಾಪ್ ಚಾರ್ಜ್ ಮಾಡಿಕೊಂಡು ಮೂರು ದಿನದಲ್ಲಿ ಒಂದೇ ಒಂದು ಸಿನಿಮಾ ನೋಡಿ ಮುಗಿಸಿದೆ. ಹಂಗೇರಿಯ ಬೇಲಾ ತಾರ್ ಮಾಡಿದ 'ಸಾತಾನ್‌ಟ್ಯಾಂಗೋ'. 1994ರದ್ದು, ಕಪ್ಪು ಬಿಳುಪು, ಏಳು ಗಂಟೆಗೂ ಜಾಸ್ತಿ ಇದೆ. ಅದರ ಮೂಲ ಕಾದಂಬರಿ ಬರೆದ ಲಾಸ್ಲೋ ಕ್ರಾಸ್ನಾಹೋರ್ಕೈ ಅವರಿಗೆ 2025ರಲ್ಲಿ ನೊಬೆಲ್ ಬಂತಲ್ವಾ, ಆಗಿನಿಂದ ನೋಡಬೇಕು ಅಂದುಕೊಂಡಿದ್ದೆ.

ಸಿನಿಮಾ ತುಂಬ ಮಳೆ, ಕೆಸರು, ಪಾಳು ಬಿದ್ದ ಊರು. ಅದರಲ್ಲಿ ಒಬ್ಬ ಡಾಕ್ಟರ್ ಇದ್ದಾನೆ. ತುಂಬ ದಪ್ಪ. ಕಿಟಕಿ ಪಕ್ಕ ಕೂತು ಊರಿನವರು ಯಾರು ಎಲ್ಲಿಗೆ ಹೋದರು ಅಂತ ಒಬ್ಬೊಬ್ಬರಿಗೆ ಒಂದೊಂದು ಪುಸ್ತಕ ಇಟ್ಟು ಬರೆಯುತ್ತಾನೆ. ಕುಡಿಯುತ್ತಾನೆ. ಏದುಸಿರು ಬಿಡುತ್ತಾನೆ. ನಮ್ಮ ಅಜ್ಜ ದಿನಾ ಬೆಳಗ್ಗೆ ಮಳೆ ಅಳೆದು ಇಂಚು, ಸೆಂಟು (ಇಂಚಿನ ನೂರನೇ ಪಾಲು) ಅಂತ ಪುಸ್ತಕದಲ್ಲಿ ಬರೆಯುತ್ತಿದ್ದರು. ತೀರಿಹೋಗುವ ವರ್ಷ ಅಂಗಳಕ್ಕೆ ಇಳಿಯಲು ಆಗುತ್ತಿರಲಿಲ್ಲ. ಆಗಲೂ ಕಿಟಕಿಯಿಂದ ನೋಡಿ ಅಂದಾಜಿಗೆ ಬರೆದರು. ಆ ಡಾಕ್ಟರ್ ಪೆನ್ಸಿಲ್ ಹಿಡಿದ ಕೈ ನೋಡಿ ನನಗೆ ಅಳು ಬಂತು.

ಯಾರೋ ಹಂಗೇರಿಯ ದೊಡ್ಡ ನಟ ಇರಬೇಕು ಅಂದುಕೊಂಡು ಹುಡುಕಿದೆ. ಹೆಸರು ಪೀಟರ್ ಬರ್ಲಿಂಗ್. ಜರ್ಮನ್. ಎಲ್ಲ ಕಡೆ 'ನಿರ್ಮಾಪಕ, ನಟ, ಲೇಖಕ' ಅಂತ ಇದೆ. ಕಾಲೇಜಿನಲ್ಲಿದ್ದಾಗ ಜರ್ಮನ್ ನಿರ್ದೇಶಕ ವರ್ನರ್ ಹೆರ್ಜೋಗ್ ಅವರ 'ಅಗಿರ್ರೆ' ನೋಡಿದ್ದೆ. ಅದರಲ್ಲಿ ತೆಪ್ಪದ ಮೇಲೆ ಕೂತು ಚಕ್ರವರ್ತಿ ಆಗುವ ದಪ್ಪ ಮನುಷ್ಯನೂ ಇವರೇ!

ನನ್ನ ಪ್ರಶ್ನೆ ಇಷ್ಟು. ನಿರ್ಮಾಪಕರಿಗೆ ಇಂಥ ಪಾತ್ರ ಹೇಗೆ ಸಿಗುತ್ತದೆ? ದುಡ್ಡು ಹಾಕಿದ್ದಕ್ಕೆ ಕೊಡುತ್ತಾರಾ? ಒಬ್ಬರೇ ಇಷ್ಟೊಂದು ಕೆಲಸ ಮಾಡಿದರೆ ಅದರಲ್ಲಿ ಅವರ ನಿಜವಾದ ಕೆಲಸ ಯಾವುದು ಅಂತ ಹೇಳುವುದು? ಗೊತ್ತಿದ್ದವರು ಬರೆಯಿರಿ.


ಹುಣಸೂರು ಕಡೆಯವ ಬರೆದದ್ದು:

ಇದಕ್ಕೆ ಜರ್ಮನಿವರೆಗೆ ಹೋಗಬೇಕಾಗಿಲ್ಲ. ನಮ್ಮೂರಿನ ದ್ವಾರಕೀಶ್ ಅವರನ್ನೇ ನೋಡಿ. ಮೈಸೂರಿನಲ್ಲಿ ಗಾಡಿ ಬಿಡಿಭಾಗಗಳ ಅಂಗಡಿ ಇಟ್ಟಿದ್ದವರು. ಸಿನಿಮಾಕ್ಕೆ ಬಂದು ಹಾಸ್ಯನಟ ಆದರು. 1969ರಲ್ಲಿ ರಾಜ್‌ಕುಮಾರ್ ಅವರನ್ನು ಹಾಕಿಕೊಂಡು 'ಮೇಯರ್ ಮುತ್ತಣ್ಣ' ನಿರ್ಮಿಸಿದರು. 1978ರಲ್ಲಿ ಯೂನಿಟ್ಟನ್ನೇ ಸಿಂಗಾಪುರಕ್ಕೆ ಕರೆದುಕೊಂಡು ಹೋದರು. ಸೋತರು, ಮನೆ ಮಾರಿದರು, ಮತ್ತೆ 2004ರಲ್ಲಿ 'ಆಪ್ತಮಿತ್ರ' ಮಾಡಿ ಎದ್ದು ನಿಂತರು. ನಿರ್ಮಾಪಕ ಅಂದರೆ ದುಡ್ಡು ಹಾಕುವವರು. ದುಡ್ಡು ಹಾಕಿದವರು ಪಾತ್ರ ಮಾಡಿದರೆ ತಪ್ಪೇನು? ಆ ಜರ್ಮನ್ ಮಹಾಶಯರದ್ದೂ ಅದೇ ಕಥೆ ಇರಬೇಕು ಅಂತ ನನ್ನ ಅನಿಸಿಕೆ.


ಸುಂಟಿಕೊಪ್ಪ ರೈಟರ್ ಬರೆದದ್ದು:

ತಂಗಿ, ನಿಮ್ಮ ಪ್ರಶ್ನೆ ಓದಿ ರಾತ್ರಿ ನಿದ್ದೆ ಬರಲಿಲ್ಲ. ಬರ್ಲಿಂಗ್ ಬಗ್ಗೆ ಕನ್ನಡದಲ್ಲಿ ಯಾರಾದರೂ ಕೇಳುತ್ತಾರೆ ಅಂತ ನಾನು ಅಂದುಕೊಂಡಿರಲಿಲ್ಲ. ಸ್ವಲ್ಪ ಉದ್ದ ಬರೆಯುತ್ತೇನೆ.

ನಾನು 2003ರಿಂದ 2014ರವರೆಗೆ ಬೆಂಗಳೂರಿನಲ್ಲಿ ಪ್ರೊಡಕ್ಷನ್ ಮ್ಯಾನೇಜರ್ ಆಗಿದ್ದೆ. ಅಪ್ಪನಿಗೆ ಹುಷಾರಿಲ್ಲದೆ ಊರಿಗೆ ಬಂದೆ. ಈಗ ಸುಂಟಿಕೊಪ್ಪ ಹತ್ತಿರದ ಒಂದು ತೋಟದಲ್ಲಿ ರೈಟರ್. ಕೊಡಗಿನವರಿಗೆ ರೈಟರ್ ಅಂದರೆ ಏನು ಅಂತ ಹೇಳಬೇಕಾಗಿಲ್ಲ. ಹೊರಗಿನವರಿಗೆ ಹೇಳುತ್ತೇನೆ: ರೈಟರ್ ಕಥೆ ಬರೆಯುವವನಲ್ಲ. ಚೆಕ್‌ರೋಲ್ ಬರೆಯುವವನು. ಇವತ್ತು ಎಷ್ಟು ಆಳು ಬಂದರು, ಯಾವ ಬ್ಲಾಕಿನಲ್ಲಿ ಏನು ಕೆಲಸ, ಲೈನ್‌ಮನೆಯಲ್ಲಿ ಯಾರಿಗೆ ಜ್ವರ, ಸ್ಟೋರ್‌ನಲ್ಲಿ ಗೊಬ್ಬರ ಎಷ್ಟು ಚೀಲ ಉಳಿದಿದೆ, ಪಿಕಪ್‌ಗೆ ಡೀಸೆಲ್ ಇದೆಯಾ, ಎಲ್ಲ ಅವನ ತಲೆಯಲ್ಲಿ ಇರಬೇಕು. ತೋಟ ಅವನದ್ದಲ್ಲ. ಆದರೆ ಬೆಳಗ್ಗೆ ಏಳರಿಂದ ಸಂಜೆವರೆಗೆ ತೋಟದ ಒಳಗೆ ಇರುವವನು ಅವನೇ.

ಹುಣಸೂರಿನ ಅಣ್ಣನವರೇ, ದ್ವಾರಕೀಶ್ ಅವರ ಮೇಲೆ ನನಗೂ ತುಂಬ ಗೌರವ. ಆದರೆ ಅವರು ತೋಟದ ಸಾವ್ಕಾರರ ಹಾಗೆ. ಸ್ವಂತ ದುಡ್ಡು, ಸ್ವಂತ ನಷ್ಟ. ಬರ್ಲಿಂಗ್ ನಿರ್ಮಾಪಕರಾಗಿದ್ದು ರೈಟರ್ ರೀತಿಯಲ್ಲಿ. ಇದು ಗೊತ್ತಾಗಬೇಕಾದರೆ ಆಗಿನ ಜರ್ಮನಿ ಹೇಗಿತ್ತು ಅಂತ ನೋಡಬೇಕು.

1962ರ ಫೆಬ್ರವರಿಯಲ್ಲಿ ಓಬರ್‌ಹೌಸನ್ ಎಂಬ ಊರಿನ ಕಿರುಚಿತ್ರ ಉತ್ಸವದಲ್ಲಿ 26 ಜನ ಯುವಕರು ಒಂದು ಪತ್ರಕ್ಕೆ ಸಹಿ ಹಾಕಿದರು. ಹಳೆಯ ಸಿನಿಮಾ ಸತ್ತಿದೆ, ನಮಗೆ ಹೊಸತರಲ್ಲಿ ನಂಬಿಕೆ ಇದೆ ಅಂತ. ಅವರಲ್ಲಿ ಅಲೆಕ್ಸಾಂಡರ್ ಕ್ಲೂಗೆ ಒಬ್ಬರು. ಅಲ್ಲಿಂದ ಮುಂದೆ ಹೊಸ ನಿರ್ದೇಶಕರು ತಮ್ಮ ತಮ್ಮ ಸಣ್ಣ ಕಂಪನಿ ತಾವೇ ಮಾಡಿಕೊಂಡರು. ಸರ್ಕಾರದ ಸಹಾಯಧನ, ಟಿವಿ ಕೊಡುವ ಹಣ, ಸಾಲ, ಎಲ್ಲ ಸೇರಿಸಿ ಸಿನಿಮಾ ತೆಗೆದರು. ದೊಡ್ಡ ಸ್ಟುಡಿಯೋ ಇಲ್ಲ, ದೊಡ್ಡ ಸಾವ್ಕಾರನೂ ಇಲ್ಲ. ಅಂಥ ಕಡೆ ನಿರ್ಮಾಪಕನ ಕೆಲಸ ಅಂದರೆ ಇಲ್ಲದ್ದನ್ನು ಎಲ್ಲಿಂದಲೋ ಹೊಂದಿಸುವುದು. ಜನ, ಗಾಡಿ, ಹೋಟೆಲ್, ಊಟ, ಫಿಲ್ಮ್ ರೋಲ್, ನಾಳೆವರೆಗೆ ಸಾಲ.

ಬರ್ಲಿಂಗ್ ಸಿನಿಮಾದಲ್ಲಿ ಬೆಳೆದದ್ದು ಈ ಗುಂಪಿನ ಪಕ್ಕದಲ್ಲಿ, ಮ್ಯೂನಿಕ್‌ನಲ್ಲಿ. ಹುಟ್ಟಿದ್ದು 1934ರಲ್ಲಿ, ಈಗ ಪೋಲೆಂಡ್‌ಗೆ ಸೇರಿರುವ ಜಾಗದಲ್ಲಿ. ತಂದೆ ತಾಯಿ ಇಬ್ಬರೂ ಕಟ್ಟಡದ ನಕ್ಷೆ ಮಾಡುವ ಆರ್ಕಿಟೆಕ್ಟುಗಳು. ಮಗ ಮಾತ್ರ ಒಂದು ದಾರಿ ಹಿಡಿದು ನಡೆಯಲಿಲ್ಲ.

ಜರ್ಮನ್ ನಿರ್ದೇಶಕ ರೈನರ್ ವರ್ನರ್ ಫಾಸ್‌ಬಿಂಡರ್ ಹೆಸರು ಕೇಳಿರುತ್ತೀರಿ. 1969ರಲ್ಲಿ ಮೊದಲ ದೊಡ್ಡ ಸಿನಿಮಾ. 1982ರ ಜೂನ್‌ನಲ್ಲಿ 37ನೇ ವಯಸ್ಸಿಗೆ ತೀರಿಕೊಂಡರು. ಅಷ್ಟರೊಳಗೆ 40ರ ಹತ್ತಿರ ಸಿನಿಮಾ. ಒಂದು ಪ್ರೊಡಕ್ಷನ್ ಮ್ಯಾನೇಜರ್ ಕಣ್ಣಿಂದ ನೋಡಿ. 13 ವರ್ಷದಲ್ಲಿ 40! ಒಂದರ ಲೆಕ್ಕ ಮುಗಿಯುವ ಮೊದಲೇ ಇನ್ನೊಂದರ ಅಡ್ವಾನ್ಸ್ ಕೊಡಬೇಕು. 1970ರಲ್ಲಿ ಅವರು 'ವೈಟಿ' ಎಂಬ ಸಿನಿಮಾ ತೆಗೆಯಲು ಸ್ಪೇನ್‌ನ ಅಲ್ಮೆರಿಯಾಗೆ ಹೋದರು. ಇಟಲಿಯವರು ಕೌಬಾಯ್ ಸಿನಿಮಾ ತೆಗೆಯುತ್ತಿದ್ದ ಬರಡು ಜಾಗ ಅದು. 'ವೈಟಿ' ನಿರ್ಮಾಪಕರ ಪಟ್ಟಿಯಲ್ಲಿ ಬರ್ಲಿಂಗ್ ಹೆಸರಿದೆ. ಸಿನಿಮಾ 1971ರ ಬರ್ಲಿನ್ ಉತ್ಸವದಲ್ಲಿ ತೋರಿಸಿದರು. ಆಮೇಲೆ ಥಿಯೇಟರ್‌ಗೆ ಬರಲೇ ಇಲ್ಲ. ಎಷ್ಟು ಕಷ್ಟಪಟ್ಟಿರಬೇಕು, ಕೊನೆಗೆ ಜನ ನೋಡಲಿಲ್ಲ. ನನಗೆ ಇದು ಎದೆಗೆ ತಾಗುತ್ತದೆ. ನಾನು ಕೆಲಸ ಮಾಡಿದ ಎರಡು ಸಿನಿಮಾ ಹೀಗೇ ಡಬ್ಬದಲ್ಲಿ ಉಳಿದವು.

ಆದರೆ ಆ ಶೂಟಿಂಗ್ ಅನುಭವದಿಂದಲೇ ಫಾಸ್‌ಬಿಂಡರ್ ಇನ್ನೊಂದು ಸಿನಿಮಾ ಮಾಡಿದರು. ಅದು 1971ರ 'ಪವಿತ್ರ ಸೂಳೆಯ ಎಚ್ಚರಿಕೆ'. ಹೆಸರು ಕೇಳಿ ಬೇರೆ ಏನೋ ಅಂದುಕೊಳ್ಳಬೇಡಿ. ಅಲ್ಲಿ ಪವಿತ್ರ ಸೂಳೆ ಅಂದರೆ ಸಿನಿಮಾನೇ. ಸಮುದ್ರದ ಪಕ್ಕದ ಹೋಟೆಲಿನಲ್ಲಿ ಇಡೀ ಯೂನಿಟ್ ಕಾಯುತ್ತಾ ಕೂತಿರುತ್ತದೆ. ಹೀರೋ ಬರಬೇಕು, ದುಡ್ಡು ಬರಬೇಕು, ಫಿಲ್ಮ್ ಬರಬೇಕು. ಬರುವವರೆಗೆ ಕುಡಿಯುತ್ತಾರೆ, ಜಗಳ ಆಡುತ್ತಾರೆ. ಕಾಯುವುದು ಬಿಟ್ಟು ಅದರಲ್ಲಿ ಹೆಚ್ಚೇನೂ ಇಲ್ಲ. ಪ್ರೊಡಕ್ಷನ್ ಮ್ಯಾನೇಜರ್ ಪಾತ್ರವನ್ನು ಫಾಸ್‌ಬಿಂಡರ್ ತಾವೇ ಮಾಡಿದ್ದಾರೆ. ನಿರ್ದೇಶಕನ ಪಾತ್ರ ಬೇರೆಯವರಿಗೆ ಕೊಟ್ಟು, ಬೈಸಿಕೊಳ್ಳುವ, ಬೈಯುವ ಆ ಕೆಲಸ ತಾವು ಇಟ್ಟುಕೊಂಡರು. ನಮ್ಮ ಕೆಲಸವನ್ನು ಯಾರೋ ಇಷ್ಟು ಹತ್ತಿರದಿಂದ ನೋಡಿದ್ದಾರೆ ಅಂತ ನನಗೆ ಅನಿಸಿದ್ದು ಅದೊಂದೇ ಸಿನಿಮಾದಲ್ಲಿ.

ಈಗ ನಿಮ್ಮ ಪ್ರಶ್ನೆಗೆ ಬರುತ್ತೇನೆ. ಪಾತ್ರ ಹೇಗೆ ಸಿಗುತ್ತದೆ?

ನನಗೆ ಹೇಗೆ ಸಿಕ್ಕಿತು ಅಂತ ಹೇಳುತ್ತೇನೆ. 2009ರ ಜೂನ್. ಮುಕ್ಕೋಡ್ಲು ಕಡೆ ಶೂಟಿಂಗ್. ಮಳೆ ಹತ್ತು ದಿನ ತಡ ಆಗಬಹುದು ಅಂತ ಬೆಂಗಳೂರಿನಲ್ಲಿ ಕೂತವರ ನಂಬಿಕೆ. ನಾನು ಬೇಡ ಅಂದೆ. ಕೇಳಲಿಲ್ಲ. ಎರಡನೇ ದಿನವೇ ಹಿಡಿಯಿತು. ಜನರೇಟರ್ ಗಾಡಿ ಅಚ್ಚಿನವರೆಗೆ ಕೆಸರಿನಲ್ಲಿ ಹೂತುಹೋಯಿತು. ಯೂನಿಟ್‌ನಲ್ಲಿ 84 ಜನ. ಮರ ಬಿದ್ದು ರಸ್ತೆ ಬಂದ್. ಮಧ್ಯಾಹ್ನಕ್ಕೆ ಅಕ್ಕಿ ಮುಗಿಯಿತು. ನಿರ್ಮಾಪಕರು ಫೋನ್ ಎತ್ತಲಿಲ್ಲ. ಕೊನೆಗೆ ಪಕ್ಕದ ಒಂದು ಹಳೆ ಕೊಡವ ಕುಟುಂಬದ ಮೂಲಮನೆಗೆ, ಅಂದರೆ ಐನ್‌ಮನೆಗೆ ಹೋಗಿ ಅಂಗಳದಲ್ಲಿ ನಿಂತು ವಿಷಯ ಹೇಳಿದೆ. ಆ ಮನೆಯ ಅಜ್ಜಿ ಒಂದು ಮಾತು ಕೇಳಲಿಲ್ಲ. ಅಕ್ಕಿ ಕೊಟ್ಟರು, ಕಣಿಲೆ ಉಪ್ಪಿನಕಾಯಿ ಭರಣಿ ಕೊಟ್ಟರು, ಒಲೆ ಹಚ್ಚಲು ಒಣ ಸೌದೆಯನ್ನೂ ಕೊಟ್ಟರು. ಮಳೆಗಾಲದಲ್ಲಿ ಒಣ ಸೌದೆ ಕೊಡುವುದು ಅಂದರೆ ಏನು ಅಂತ ನಿಮಗೆ ಗೊತ್ತು. ಪ್ರೊಡಕ್ಷನ್ ಹುಡುಗರು ತಲೆ ಮೇಲೆ ಪ್ಲಾಸ್ಟಿಕ್ ಹೊದ್ದು ಹೊತ್ತು ತಂದರು.

ಅದೇ ದಿನ ಸಾವ್ಕಾರನ ಪಾತ್ರದ ನಟರು ಕುಶಾಲನಗರದಲ್ಲೇ ಸಿಕ್ಕಿಹಾಕಿಕೊಂಡರು. ನಿರ್ದೇಶಕರು ನನ್ನನ್ನು ನೋಡಿದರು. ನನ್ನ ಮೈಕಟ್ಟು ಸರಿಹೋಗುತ್ತಿತ್ತು. ಪಂಚೆ ಉಡಿಸಿದರು, ಜಗಲಿ ಮೇಲೆ ಕೂರಿಸಿದರು. ಆಳುಗಳು ಕೂಲಿ ಕೇಳಲು ಬರುತ್ತಾರೆ, ನಾನು ಸುಮ್ನೆ ನೋಡಬೇಕು. ಇಷ್ಟೇ ಸೀನ್. ಕ್ಯಾಮೆರಾ ಓಡುವಾಗ ನನ್ನ ತಲೆಯಲ್ಲಿ ಇದ್ದದ್ದು ಒಂದೇ: ರಾತ್ರಿಗೆ 84 ಜನಕ್ಕೆ ಏನು ಬೇಯಿಸುವುದು? ಆ ಚಿಂತೆ ಮುಖದಲ್ಲಿ ಬಂತು. ಪ್ಯಾಕಪ್ ಆದ ಮೇಲೆ ಕ್ಯಾಮೆರಾಮನ್ ಬಂದು ಕೈ ಹಿಡಿದರು. ನಟನೆ ಅಂತ ನಾನು ಏನೂ ಮಾಡಿರಲಿಲ್ಲ. ಲೆಕ್ಕ ಹಾಕುತ್ತಿದ್ದೆ ಅಷ್ಟೇ.

ಇದಾದ ಮೇಲೆ ನಾನು 'ಅಗಿರ್ರೆ' ಮತ್ತೆ ನೋಡಿದೆ. 1972ರ ಸಿನಿಮಾ. ಪೆರು ದೇಶದ ಕಾಡು, ನದಿ. ಇಡೀ ಸಿನಿಮಾದ ಖರ್ಚು ಸುಮಾರು 3,70,000 ಡಾಲರ್, ಅದರಲ್ಲಿ ಮೂರನೇ ಒಂದು ಪಾಲು ನಾಯಕ ನಟ ಕ್ಲೌಸ್ ಕಿನ್ಸ್‌ಕಿ ಅವರಿಗೇ ಹೋಯಿತು. ಒಂದೇ ಕ್ಯಾಮೆರಾ. ಶೂಟಿಂಗ್ ನಡುವೆ ರಾತ್ರೋರಾತ್ರಿ ನದಿ 15 ಅಡಿ ಏರಿ ತೆಪ್ಪಗಳು ಕೊಚ್ಚಿಕೊಂಡು ಹೋದವು. ಹೆರ್ಜೋಗ್ ಆ ಪ್ರವಾಹವನ್ನೇ ಕಥೆಗೆ ಸೇರಿಸಿದರು. ಸಿನಿಮಾದಲ್ಲೂ ಸೈನಿಕರು ಬೆಳಗ್ಗೆ ಎದ್ದು ನೋಡಿದರೆ ತೆಪ್ಪ ಇಲ್ಲ. 2018ರ ಆಗಸ್ಟಿನ ಮಳೆ, ಭೂಕುಸಿತ ಕಂಡ ನಮ್ಮ ಮಾದಾಪುರ, ಮುಕ್ಕೋಡ್ಲು, ಮಕ್ಕಂದೂರಿನ ಜನಕ್ಕೆ ಆ ದೃಶ್ಯ ಸುಮ್ನೆ ದೃಶ್ಯವಾಗಿ ಕಾಣುವುದಿಲ್ಲ.

ಅದರಲ್ಲಿ ಬರ್ಲಿಂಗ್ ಪಾತ್ರ ಡಾನ್ ಫರ್ನಾಂಡೋ ದೆ ಗುಸ್ಮಾನ್. ದೊಡ್ಡ ಮನೆತನದವನು, ದಪ್ಪ, ಅಂಜುಬುರುಕ. ಅಗಿರ್ರೆ ಅವನನ್ನು ಹಿಡಿದು ಚಿನ್ನದ ನಾಡಿನ ಚಕ್ರವರ್ತಿ ಅಂತ ಮಾಡುತ್ತಾನೆ. ನಾಡೂ ಇಲ್ಲ, ಚಿನ್ನವೂ ಇಲ್ಲ, ಇರುವುದು ಒಂದು ತೆಪ್ಪ. ಸೈನಿಕರು ಜೋಳದ ಕಾಳು ಎಣಿಸಿ ಹಂಚಿಕೊಳ್ಳುವಾಗ ಈ ಚಕ್ರವರ್ತಿ ಕೂತು ಉಣ್ಣುತ್ತಾನೆ. ಇದ್ದ ಒಂದೇ ಕುದುರೆ ಗಲಾಟೆ ಮಾಡಿತು ಅಂತ ಅದನ್ನು ನೀರಿಗೆ ತಳ್ಳಿಸುತ್ತಾನೆ. ಅದು ಎಷ್ಟು ದಿನದ ಮಾಂಸ ಅಂತ ಸೈನಿಕರ ಕಣ್ಣಿನಲ್ಲಿ ಲೆಕ್ಕ ಓಡುತ್ತದೆ. ಸ್ವಲ್ಪ ಹೊತ್ತಿನಲ್ಲೇ ಚಕ್ರವರ್ತಿ ಸತ್ತು ಬಿದ್ದಿರುತ್ತಾನೆ.

ನೀವು ಕೇಳಿದ ಡಾಕ್ಟರ್ ಪಾತ್ರವನ್ನು ಇದರ ಪಕ್ಕ ಇಟ್ಟು ನೋಡಿ. ಆ ಡಾಕ್ಟರ್ ಒಂದು ಗಂಟೆ ಹತ್ತಿರ ಏನು ಮಾಡುತ್ತಾನೆ? ನೋಡುತ್ತಾನೆ, ಬರೆಯುತ್ತಾನೆ, ಕುಡಿಯುತ್ತಾನೆ. ಪಾಲಿಂಕಾ, ಅಂದರೆ ಹಣ್ಣಿನ ಸಾರಾಯಿ, ಮುಗಿಯುತ್ತದೆ. ಊಟ ತಂದುಕೊಡುತ್ತಿದ್ದ ಹೆಂಗಸು ನಾಳೆಯಿಂದ ಬರುವುದಿಲ್ಲ ಅನ್ನುತ್ತಾಳೆ. ಕೊನೆಗೆ ಆ ಮೈ ಹೊತ್ತುಕೊಂಡು, ಬುರುಡೆ ಬಾಟಲಿ ಹಿಡಿದು, ರಾತ್ರಿ ಮಳೆಯಲ್ಲಿ ತಾನೇ ಹೊರಡುತ್ತಾನೆ. ಸ್ಟಾಕ್ ಮುಗಿದಿದೆ, ತರುವವರು ಯಾರೂ ಇಲ್ಲ, ನಾನೇ ಹೋಗಬೇಕು. ತಂಗಿ, ನಿರ್ಮಾಪಕನ ಜೀವನದ ಅರ್ಧ ಇದೇ. ಇನ್ನರ್ಧ ಕಿಟಕಿ ಪಕ್ಕ ಕೂತು ಯಾರು ಬಂದರು, ಯಾರು ಹೋದರು ಅಂತ ಬರೆದಿಡುವುದು. ಬೇಲಾ ತಾರ್ ಏನು ಯೋಚಿಸಿ ಅವರನ್ನು ಕರೆದರೋ, ನಾನು ಅವರ ಮನಸ್ಸಿನೊಳಗೆ ಹೋಗಲಾರೆ. ಆದರೆ ಖಾಲಿ ಬಾಟಲಿಯನ್ನು ಎತ್ತಿ ನೋಡುವಾಗ ಬರ್ಲಿಂಗ್ ಮುಖದಲ್ಲಿ ಬರುವ ಆ ನಿಧಾನದ ಗಾಬರಿ ನಟನೆ ಶಾಲೆಯಲ್ಲಿ ಕಲಿತದ್ದಲ್ಲ ಅಂತ ನಾನು ಹೇಳಬಲ್ಲೆ. ಸ್ಟೋರ್ ಬಾಗಿಲು ತೆಗೆದು ಖಾಲಿ ನೆಲ ನೋಡಿದ ಯಾರಿಗಾದರೂ ಅದು ಗೊತ್ತು.

ಇನ್ನೊಂದು ಮಾತು. ದುಡ್ಡು ಹಾಕಿದ್ದಕ್ಕೆ ಪಾತ್ರ ಕೊಟ್ಟರಾ ಅಂತ ಕೇಳಿದಿರಿ. ಹಾಗಿದ್ದರೆ ಒಂದು ಸಲ ಕರೆಯುತ್ತಾರೆ. ಹೆರ್ಜೋಗ್ 1972ರಲ್ಲಿ ಕರೆದರು, 1982ರ 'ಫಿಟ್ಸ್‌ಕರಾಲ್ಡೋ'ಗೆ ಕರೆದರು, 1987ರ 'ಕೋಬ್ರಾ ವರ್ದೆ'ಗೆ ಮತ್ತೆ ಕರೆದರು. ಕಾಡಿಗೆ ಕರೆದುಕೊಂಡು ಹೋಗುವವರು ಜಗಳಗಂಟನನ್ನು ಮೂರು ಸಲ ಕರೆಯುವುದಿಲ್ಲ. ಕಿನ್ಸ್‌ಕಿ ಒಬ್ಬರಿದ್ದರು, ಸಾಕಾಗಿತ್ತು. ಬರ್ಲಿಂಗ್ ರೋಮ್‌ನಲ್ಲಿ ಮನೆ ಮಾಡಿಕೊಂಡಿದ್ದರು. 1986ರ 'ದ ನೇಮ್ ಆಫ್ ದ ರೋಸ್'ನಲ್ಲಿ ಪೋಪ್ ಕಡೆಯಿಂದ ಬರುವವರಲ್ಲಿ ಒಬ್ಬರಾದರು. ಮಾರ್ಟಿನ್ ಸ್ಕಾರ್ಸೀಸಿ 1988ರಲ್ಲಿ ಏಸುವಿನ ಸಿನಿಮಾ ತೆಗೆದಾಗ ಅದರಲ್ಲಿ ಭಿಕ್ಷುಕ. ಅದೇ ಸ್ಕಾರ್ಸೀಸಿ 2002ರ 'ಗ್ಯಾಂಗ್ಸ್ ಆಫ್ ನ್ಯೂಯಾರ್ಕ್'ಗಾಗಿ ರೋಮ್‌ನ ಚಿನೆಚಿತ್ತಾ ಸ್ಟುಡಿಯೋದಲ್ಲಿ ಹಳೆ ನ್ಯೂಯಾರ್ಕ್ ಬೀದಿಗಳನ್ನೇ ಕಟ್ಟಿಸಿದಾಗ, ಅದರಲ್ಲೂ ಒಂದು ಸಣ್ಣ ಪಾತ್ರ. ಚಕ್ರವರ್ತಿ ಆದವರು ಭಿಕ್ಷುಕನ ಪಾತ್ರ ಚಿಕ್ಕದು ಅನ್ನಲಿಲ್ಲ. ಇದನ್ನು ನಾನು ತುಂಬ ಮೆಚ್ಚುತ್ತೇನೆ.

ಅವರ ನಿಜವಾದ ಕೆಲಸ ಯಾವುದು ಅಂತ ಕೇಳಿದಿರಿ. ಶೂಟಿಂಗ್ ನಡೆಯುವ ಜಾಗದಲ್ಲಿ ಇರುವುದು. ಬೆಳಗ್ಗೆಯಿಂದ ರಾತ್ರಿವರೆಗೆ, ಕೊನೆ ಗಾಡಿ ಹೋಗುವವರೆಗೆ ಇರುವುದು. ನನ್ನ ಮಟ್ಟಿಗೆ ಉತ್ತರ ಇದೇ.


ನಾಪೋಕ್ಲು ಮಳೆಹುಡುಗಿ ಬರೆದದ್ದು:

ಅಣ್ಣ, ತುಂಬ ಥ್ಯಾಂಕ್ಸ್. ಅಮ್ಮನಿಗೂ ಓದಿ ಹೇಳಿದೆ. ಆ ಐನ್‌ಮನೆ ಅಜ್ಜಿ ಈಗಲೂ ಇದ್ದಾರಾ ಅಂತ ಅಮ್ಮ ಕೇಳುತ್ತಿದ್ದಾರೆ.

ಖಾಲಿ ಬಾಟಲಿ ವಿಷಯ ನನಗೆ ಹೊಳೆದೇ ಇರಲಿಲ್ಲ. ನಾನು ಬರೆಯುವ ಕೈಯನ್ನೇ ನೋಡುತ್ತಿದ್ದೆ. ಇನ್ನೊಂದು ಕೇಳಲಾ? ಅವರು ಲೇಖಕರೂ ಹೌದು ಅಂತ ಇದೆಯಲ್ಲ. ಆ ಪುಸ್ತಕಗಳು ಸಿನಿಮಾ ಬಗ್ಗೆಯಾ?


ಮಡಿಕೇರಿ ಕೋಟೆಬೀದಿ ಬರೆದದ್ದು:

ಇದಕ್ಕೆ ನಾನು ಉತ್ತರಿಸುತ್ತೇನೆ. ನಾನು ಮಡಿಕೇರಿಯಲ್ಲಿ ಮಕ್ಕಳಿಗೆ ಜರ್ಮನ್ ಹೇಳಿಕೊಡುತ್ತೇನೆ. ನರ್ಸಿಂಗ್ ಓದಿ ಜರ್ಮನಿಗೆ ಹೋಗುವ ಹುಡುಗಿಯರು ಈಗ ಜಾಸ್ತಿ.

ಪುಸ್ತಕಗಳು ಎರಡು ರೀತಿ. ಒಂದು ಸಿನಿಮಾದ್ದು. ಫಾಸ್‌ಬಿಂಡರ್ ತೀರಿಕೊಂಡು ಹತ್ತು ವರ್ಷಕ್ಕೆ, 1992ರಲ್ಲಿ, ಬರ್ಲಿಂಗ್ ಅವರ ಬಗ್ಗೆ ದೊಡ್ಡ ಪುಸ್ತಕ ಬರೆದರು. 'ಫಾಸ್‌ಬಿಂಡರ್‌ನ 13 ವರ್ಷಗಳು' ಅಂತ. ಆಮೇಲೆ 2011ರಲ್ಲಿ ತಮ್ಮದೇ ಜೀವನದ ನೆನಪುಗಳನ್ನು ಪುಸ್ತಕ ಮಾಡಿದರು.

ಇನ್ನೊಂದು ರೀತಿಯವು ಚರಿತ್ರೆಯ ಕಾದಂಬರಿಗಳು. ಜರ್ಮನಿಯಲ್ಲಿ ತುಂಬ ಜನರಿಗೆ ಬರ್ಲಿಂಗ್ ಗೊತ್ತಿರುವುದು ಇವುಗಳಿಂದಲೇ. ಮೊದಲನೆಯದು 'ಗ್ರೇಲ್‌ನ ಮಕ್ಕಳು', 1991ರಲ್ಲಿ ಬಂತು. ಗ್ರೇಲ್ ಅಂದರೆ ಕ್ರೈಸ್ತ ಕಥೆಗಳಲ್ಲಿ ಬರುವ ಏಸುವಿನ ಪವಿತ್ರ ಬಟ್ಟಲು. ಆಗ ಅವರಿಗೆ 57 ವರ್ಷ. 13ನೇ ಶತಮಾನದ ಕಥೆ. ದಕ್ಷಿಣ ಫ್ರಾನ್ಸಿನ ಮೊಂಸೆಗ್ಯೂರ್ ಎಂಬ ಬೆಟ್ಟದ ಕೋಟೆಯಲ್ಲಿ ಕ್ಯಾಥರ್ ಎಂಬ, ಚರ್ಚ್ ಒಪ್ಪದ ಕ್ರೈಸ್ತ ಪಂಥದವರು ಸೇರಿಕೊಂಡಿದ್ದರು. ಮುತ್ತಿಗೆ ಹಾಕಿ 1244ರಲ್ಲಿ ಕೋಟೆ ಹಿಡಿದು, ನಂಬಿಕೆ ಬಿಡದವರನ್ನು ಸುಟ್ಟರು. ಅಲ್ಲಿಂದ ಇಬ್ಬರು ಮಕ್ಕಳನ್ನು ತಪ್ಪಿಸಿ ಊರೂರು, ದೇಶದೇಶ ಕರೆದುಕೊಂಡು ಹೋಗುವ ಕಥೆ ಇದು. ಒಟ್ಟು ಐದು ಭಾಗ, ಎಲ್ಲವೂ ದಪ್ಪ ಪುಸ್ತಕಗಳು. ಪಾತ್ರಗಳು ಎಷ್ಟು ಜಾಸ್ತಿ ಅಂದರೆ ಯಾರು ಯಾರು ಅಂತ ಮುಂದೆ ಪಟ್ಟಿ ಕೊಟ್ಟಿದ್ದಾರೆ. ರೈಟರ್ ಅಣ್ಣ ಹೇಳಿದ ಚೆಕ್‌ರೋಲ್ ಓದಿದಾಗ ನನಗೆ ಆ ಪಟ್ಟಿ ನೆನಪಾಯಿತು. ಕಥೆಯಾಗಿ ಎಲ್ಲ ಕಡೆ ಹಿಡಿದು ಕೂರಿಸುತ್ತದೆ ಅಂತ ನಾನು ಹೇಳಲಾರೆ. ಎರಡನೇ ಭಾಗದ ನಡುವೆ ನಾನು ಬಿಟ್ಟಿದ್ದೆ. ಆದರೆ ಮುತ್ತಿಗೆಯ ಅಧ್ಯಾಯಗಳು ಬಹಳ ಚೆನ್ನಾಗಿವೆ. ಕೋಟೆಯೊಳಗೆ ನೀರು ಎಷ್ಟು, ಧಾನ್ಯ ಎಷ್ಟು, ಕಲ್ಲು ಮೇಲೆ ಹೇಗೆ ಸಾಗಿಸಿದರು ಅಂತ ಕಣ್ಣಿಗೆ ಕಟ್ಟುತ್ತದೆ.

ಇನ್ನೊಂದು ಯಾರೂ ಹೇಳಲಿಲ್ಲ. ಓಬರ್‌ಹೌಸನ್‌ನ ಅಲೆಕ್ಸಾಂಡರ್ ಕ್ಲೂಗೆ 1980ರ ದಶಕದ ಕೊನೆಯಿಂದ ಜರ್ಮನಿಯ ಖಾಸಗಿ ಟಿವಿಯಲ್ಲಿ ರಾತ್ರಿ ಹೊತ್ತು ಸಂದರ್ಶನದ ಕಾರ್ಯಕ್ರಮ ಮಾಡುತ್ತಿದ್ದರು. ಕೆಲವು ನಿಜವಾದ ವಿದ್ವಾಂಸರ ಜೊತೆ. ಕೆಲವಕ್ಕೆ ಬರ್ಲಿಂಗ್ ವೇಷ ಹಾಕಿಕೊಂಡು ಬರುತ್ತಿದ್ದರು. ಒಂದರಲ್ಲಿ ಹಿಟ್ಲರ್‌ನ ಅಂಗರಕ್ಷಕನಾಗಿದ್ದೆ ಅನ್ನುತ್ತಾರೆ. ಕ್ಲೂಗೆ ಕ್ಯಾಮೆರಾದಲ್ಲಿ ಕಾಣುವುದಿಲ್ಲ, ಧ್ವನಿ ಮಾತ್ರ. ತುಂಬ ಮೆತ್ತಗೆ, ಬಿಡದೆ ಕೇಳುತ್ತಾರೆ. ಬರ್ಲಿಂಗ್ ಆ ಕ್ಷಣಕ್ಕೆ ಹುಟ್ಟಿದ ಉತ್ತರ ಕೊಡುತ್ತಾ ಹೋಗುತ್ತಾರೆ. ಅರ್ಧ ನಿಜ ಚರಿತ್ರೆ, ಅರ್ಧ ಕಟ್ಟಿದ್ದು. ಇಂಥವನು ಒಬ್ಬ ಇದ್ದಿರಲೇಬೇಕು ಅಂತ ನಂಬಿಕೆ ಬರುತ್ತದೆ. ನನ್ನ ವಿದ್ಯಾರ್ಥಿಗಳಿಗೆ ಕೇಳಿ ಅರ್ಥ ಮಾಡಿಕೊಳ್ಳುವ ಅಭ್ಯಾಸಕ್ಕೆ ಒಂದು ತುಣುಕು ಹಾಕಿದ್ದೆ. ಆ ಏದುಸಿರು ಮಾತಿನ ಮಧ್ಯೆ ಎಲ್ಲಿ ವಾಕ್ಯ ಮುರಿಯುತ್ತದೆ ಅಂತ ಹಿಡಿಯುವುದೇ ಕಷ್ಟ. ಆದರೂ ಮಕ್ಕಳು ಕೊನೆವರೆಗೆ ಕೇಳಿದರು.

ಒಬ್ಬರೇ ಇಷ್ಟು ಕೆಲಸ ಹೇಗೆ ಅಂತ ನಾವು ಆಶ್ಚರ್ಯ ಪಡುತ್ತೇವೆ. ಕೊಡಗಿನವರಿಗೆ ಇದು ಹೊಸತಲ್ಲ ಅಂತ ನನಗೆ ಅನಿಸುತ್ತದೆ. ಹರ್ಮನ್ ಮೋಗ್ಲಿಂಗ್ ಮತಪ್ರಚಾರಕ್ಕೆ ಬಂದ ಜರ್ಮನ್. 1843ರಲ್ಲಿ 'ಮಂಗಳೂರ ಸಮಾಚಾರ' ಪತ್ರಿಕೆ ತೆಗೆದರು, ಗಾದೆ ಸಂಗ್ರಹಿಸಿದರು, ಹಳೆ ಕಾವ್ಯ ಅಚ್ಚು ಹಾಕಿಸಿದರು, ಆಮೇಲೆ ನಮ್ಮ ಕೊಡಗಿಗೆ ಬಂದು 1855ರಲ್ಲಿ ಇಲ್ಲಿನ ಚರಿತ್ರೆ ಬರೆದರು. ಗಿಯೋರ್ಗ್ ರಿಕ್ಟರ್ ಶಾಲೆ ನಡೆಸಲು ಮಡಿಕೇರಿಗೆ ಬಂದವರು. 1870ರಲ್ಲಿ ಕೊಡಗಿನ ಮೊದಲ ಗ್ಯಾಸೆಟಿಯರ್ ಥರದ, ಅಂದರೆ ನಾಡಿನ ಎಲ್ಲ ವಿವರ ಕೊಡುವ ಪುಸ್ತಕ ಬರೆದದ್ದು ಅವರೇ. ಕೈಗೆ ಬಂದ ಕೆಲಸ ಮಾಡಿದರು, ಅದು ಮುಂದಿನ ಕೆಲಸಕ್ಕೆ ಕರೆದುಕೊಂಡು ಹೋಯಿತು.


ಹುಣಸೂರು ಕಡೆಯವ ಬರೆದದ್ದು:

ರೈಟರ್ ಅಣ್ಣ, ನಾನು ದುಡ್ಡಿನ ವಿಷಯದಲ್ಲಿ ಅವಸರ ಮಾಡಿದೆ. ಒಪ್ಪುತ್ತೇನೆ. ಆದರೂ ಒಂದು ಸಂಶಯ. ದಪ್ಪ ಇದ್ದಾರೆ ಅಂತಲೇ ಇಂಥ ಪಾತ್ರಕ್ಕೆ ಕರೆದರು ಅನ್ನುವುದೂ ನಿಜ ಅಲ್ವಾ? ದ್ವಾರಕೀಶ್ ಅವರನ್ನು ಕುಳ್ಳ ಅಂತಲೇ ಕರೆದರು. ಮೈಯನ್ನೇ ಬಂಡವಾಳ ಮಾಡಿಕೊಳ್ಳಬೇಕಾದ ನಟನಿಗೆ ಒಳಗೆ ನೋವು ಇರುವುದಿಲ್ಲವಾ?


ಸುಂಟಿಕೊಪ್ಪ ರೈಟರ್ ಬರೆದದ್ದು:

ಅಣ್ಣನವರೇ, ಒಳ್ಳೆ ಪ್ರಶ್ನೆ. ಇರುತ್ತದೆ. ನನ್ನನ್ನು ಜಗಲಿ ಮೇಲೆ ಕೂರಿಸಿದಾಗ ನನಗೂ ಅದು ಗೊತ್ತಾಯಿತು. ಬರ್ಲಿಂಗ್‌ಗೆ ಏನನಿಸಿತ್ತು ಅಂತ ಅವರ ಪರವಾಗಿ ನಾನು ಹೇಳುವುದು ಸರಿಯಲ್ಲ. ಆದರೆ ತೆರೆಯ ಮೇಲೆ ಇರುವುದನ್ನು ಹೇಳಬಹುದು. 'ಅಗಿರ್ರೆ'ಯಲ್ಲಿ ಅವರ ಮೈ ಹೊಟ್ಟೆಬಾಕನ ಮೈ. ನೋಡುವವರಿಗೆ ಸಿಟ್ಟು ಬರಲಿ ಅಂತಲೇ ಇಟ್ಟಿದ್ದಾರೆ. 22 ವರ್ಷ ಕಳೆದ ಮೇಲೆ ಡಾಕ್ಟರ್ ಆದಾಗ ಅದೇ ಮೈ ಬೇರೆ ಆಗಿದೆ. ಕುರ್ಚಿಯಿಂದ ಏಳುವುದು, ಕೋಟು ಹಾಕುವುದು, ಬಾಗಿಲವರೆಗೆ ನಡೆಯುವುದು, ಇಷ್ಟನ್ನೇ ಬೇಲಾ ತಾರ್ ಕತ್ತರಿಸದೆ ತೋರಿಸುತ್ತಾರೆ. ನಾವು ಕೂಡ ಅವನ ಜೊತೆ ಏದುಸಿರು ಬಿಡುತ್ತೇವೆ. ಮಳೆಯಲ್ಲಿ ಊರಿನ ಒಬ್ಬ ಪುಟ್ಟ ಹುಡುಗಿ ಓಡಿ ಬಂದು ಅವನನ್ನು ಹಿಡಿದುಕೊಳ್ಳುತ್ತಾಳೆ. ಅವನು ಬೈದು ಕೊಡವುತ್ತಾನೆ, ಜಾರಿ ಬೀಳುತ್ತಾನೆ. ತಕ್ಷಣ ತಾನು ಮಾಡಿದ್ದು ತಪ್ಪು ಅಂತ ಗೊತ್ತಾಗಿ ಕತ್ತಲಲ್ಲಿ ಅವಳನ್ನು ಕೂಗುತ್ತಾನೆ. ಅವಳು ಆಗಲೇ ಓಡಿಹೋಗಿರುತ್ತಾಳೆ. ಆ ಹುಡುಗಿಗೆ ಏನಾಗುತ್ತದೆ ಅಂತ ಸಿನಿಮಾ ನೋಡಿದವರಿಗೆ ಗೊತ್ತು. ಅಲ್ಲಿ ಯಾರಿಗೂ ಅವರ ಗಾತ್ರ ಕಾಣುವುದಿಲ್ಲ. ಕೂಗುವ ಧ್ವನಿ ಮಾತ್ರ ಇರುತ್ತದೆ.

2017ರ ನವೆಂಬರ್‌ನಲ್ಲಿ ಬರ್ಲಿಂಗ್ ರೋಮ್‌ನಲ್ಲಿ ತೀರಿಕೊಂಡರು, 83 ವರ್ಷ. ನಮ್ಮಲ್ಲಿ ಆಗ ಕಾಫಿ ಕೊಯ್ಲು ಶುರು ಆಗುತ್ತಿತ್ತು. ರಾತ್ರಿ ಚೆಕ್‌ರೋಲ್ ಮುಗಿಸಿ ಫೋನಿನಲ್ಲಿ ಸುದ್ದಿ ನೋಡಿದೆ. ಹೇಳಿಕೊಳ್ಳಲು ಪಕ್ಕದಲ್ಲಿ ಯಾರೂ ಇರಲಿಲ್ಲ.

ತಂಗಿ, ಮುಕ್ಕೋಡ್ಲಿನ ಆ ಅಜ್ಜಿ ಈಗ ಇಲ್ಲ. 2016ರಲ್ಲಿ ಹೋದರು. 2018ರಲ್ಲಿ ಆ ಮನೆಯ ಹಿಂದಿನ ಗುಡ್ಡದ ಬರೆ ಜರಿದು ಅಡಿಗೆಮನೆ ಹೋಯಿತು. ಮಗ ಸೊಸೆ ಈಗ ಮಾದಾಪುರದಲ್ಲಿ ಇದ್ದಾರೆ. ಅಮ್ಮನಿಗೆ ಹೇಳಿ.


ನಾಪೋಕ್ಲು ಮಳೆಹುಡುಗಿ ಬರೆದದ್ದು:

ಹೇಳಿದೆ ಅಣ್ಣ. ಅಮ್ಮ ಸುಮ್ಮನಾದರು.

ನಿನ್ನೆ ರಾತ್ರಿ 'ಅಗಿರ್ರೆ' ಮತ್ತೆ ಹಾಕಿದೆ. ಕಾಲೇಜಿನಲ್ಲಿ ನಾನು ಕಿನ್ಸ್‌ಕಿಯನ್ನೇ ನೋಡಿದ್ದು. ಈ ಸಲ ತೆಪ್ಪದ ಹಿಂದೆ ಕೂತವರನ್ನು ನೋಡಿದೆ. ಚಕ್ರವರ್ತಿ ಅಂತ ಘೋಷಣೆ ಓದುವಾಗ ಬರ್ಲಿಂಗ್ ಮುಖ ಅಳುವ ಹಾಗೆ ಆಗುತ್ತದೆ, ಗಮನಿಸಿದ್ದೀರಾ? ಕುದುರೆ ದಡದಲ್ಲಿ ಒಂಟಿಯಾಗಿ ನಿಂತು ನೋಡುವಾಗ ಕರೆಂಟ್ ಹೋಯಿತು. ಉಳಿದದ್ದು ಬ್ಯಾಟರಿಯಲ್ಲಿ ನೋಡಿದೆ.

ಇವತ್ತು ಬೆಳಗ್ಗೆ ಅಜ್ಜನ ಮಳೆ ಪುಸ್ತಕ ಪೆಟ್ಟಿಗೆಯಿಂದ ತೆಗೆದೆ. ಕೊನೆಯ ಪುಟ ಅರ್ಧ ಖಾಲಿ ಇದೆ. ಅಳೆಯುವ ಡಬ್ಬಿ ತುಕ್ಕು ಹಿಡಿದಿದೆ, ಆದರೆ ಸೋರುವುದಿಲ್ಲ. ಅಂಗಳದಲ್ಲಿ ಇಟ್ಟಿದ್ದೇನೆ. ಅಣ್ಣ, ನಿಮ್ಮ ತೋಟದಲ್ಲಿ ಬೆಳಗ್ಗೆ ಎಷ್ಟು ಗಂಟೆಗೆ ಅಳೆಯುತ್ತೀರಿ?


ಸುಂಟಿಕೊಪ್ಪ ರೈಟರ್ ಬರೆದದ್ದು:

ಎಂಟು ಗಂಟೆಗೆ ತಂಗಿ. ದಿನಾ ಅದೇ ಹೊತ್ತಿಗೆ ಅಳೆಯಿರಿ. ನಮ್ಮಲ್ಲಿ ಇವತ್ತು 2 ಇಂಚು 35 ಸೆಂಟು. ನಿಮ್ಮಲ್ಲಿ ಜಾಸ್ತಿ ಇರುತ್ತದೆ. ನಾಳೆ ಬರೆದು ತಿಳಿಸಿ.